ಬಯಾಸ್ ಫೈಲಿನ ಜಾತಕ

ಹಳೆಯ ವಿಡಿಯೋ ಗೇಮ್ ಆಡುವುದೆಂದರೆ ಈಗ ಅರ್ಧ ಆಟ, ಅರ್ಧ ದಾಖಲೆ ಪರಿಶೀಲನೆ. 1994ರಲ್ಲಿ ಜಪಾನಿನಲ್ಲಿ ಹುಟ್ಟಿದ ಪ್ಲೇಸ್ಟೇಷನ್ನನ್ನು ಇವತ್ತಿನ ಕಂಪ್ಯೂಟರಿನೊಳಗೆ ಎಬ್ಬಿಸಲು ಹೊರಟರೆ, ಹಳೆಯ ಯಂತ್ರದ ವೇಷ ಹಾಕುವ ಎಮ್ಯುಲೇಟರ್ ತಂತ್ರಾಂಶ ಮೊದಲು ಕೇಳುವುದೇ ಆ ಯಂತ್ರವನ್ನು ಚಾಲೂ ಮಾಡುವ ಬಯಾಸ್ ಫೈಲನ್ನು. ಗಾತ್ರ ಬರೀ 512 ಕಿಲೋಬೈಟ್, ಗತ್ತು ಮಾತ್ರ ಗಿಗಾಬೈಟಿನದು. ಜಪಾನಿಗೊಂದು, ಅಮೆರಿಕಕ್ಕೊಂದು, ಯುರೋಪಿಗೊಂದು ಬೇರೆ. ಲಿನಕ್ಸಿನಲ್ಲಂತೂ ಹೆಸರಿನ ಒಂದಕ್ಷರ ದೊಡ್ಡದಾದರೂ 'ಅಂಥವರು ಯಾರೂ ಇಲ್ಲಿಲ್ಲ' ಎಂಬ ಉತ್ತರ!

ಹೆಸರನ್ನು ಯಾರು ಬೇಕಾದರೂ ಬದಲಿಸಬಹುದಲ್ಲ, ಅದಕ್ಕೇ ಅಸಲಿ ಫೈಲಿನೊಂದಿಗೆ ತಾಳೆ ನೋಡಲು ಎಂಡಿ5. ರೊನಾಲ್ಡ್ ರಿವೆಸ್ಟ್ 1991ರಲ್ಲಿ ರೂಪಿಸಿದ ಈ ಲೆಕ್ಕ, ಫೈಲನ್ನೆಲ್ಲ ಅರೆದು 32 ಅಂಕಿ-ಅಕ್ಷರಗಳ ಒಂದು ಸಾಲು ಕೊಡುತ್ತದೆ. ಒಳಗೆ ಒಂದೇ ಒಂದು ಬಿಟ್ ಕದಲಿದರೂ ಸಾಲಿನ ಚಹರೆಯೇ ಬೇರೆ. ಜಾತಕ ನೋಡುವವರಾದರೂ 36 ಗುಣಗಳಲ್ಲಿ 18 ಕೂಡಿದರೆ 'ಆಗಬಹುದು' ಅನ್ನುತ್ತಾರೆ. ಇಲ್ಲಿ 32ರಲ್ಲಿ 31 ಕೂಡಿದರೂ ಸಂಬಂಧ ಮುರಿದಂತೆ.

2004ರಲ್ಲಿ ಚೀನಾದ ವಾಂಗ್ ಶಿಯಾವ್‌ಯುನ್ ಮತ್ತು ಸಂಗಡಿಗರು ಎರಡು ಬೇರೆ ಬೇರೆ ದತ್ತಾಂಶಗಳಿಗೆ ಒಂದೇ ಎಂಡಿ5 ಬರುವುದನ್ನು ತೋರಿಸಿ, ಭದ್ರತಾ ಪಂಡಿತರ ನಿದ್ದೆ ಕೆಡಿಸಿದರು. ಗೇಮಿನವರು ಮಾತ್ರ ನಿಶ್ಚಿಂತರು. ಹಾಳಾದ ಫೈಲನ್ನು ಹಿಡಿಯಲು ಇಷ್ಟು ಸಾಕು. ಹಳೇ ಬಯಾಸನ್ನು ನಕಲು ಮಾಡಲು ಅಷ್ಟು ಗಣಿತ ಖರ್ಚುಮಾಡುವ ಪುಣ್ಯಾತ್ಮ ಯಾರಿದ್ದಾನೆ?

ಕಣ್ಣಳತೆಯಲ್ಲಿ ತಾಳೆ ನೋಡುವವರ ಕಥೆಯೇ ಬೇರೆ. ಮೊದಲ ನಾಲ್ಕು, ಕೊನೆಯ ನಾಲ್ಕು ನೋಡಿ, ನಡುವಿನ ಇಪ್ಪತ್ತನಾಲ್ಕನ್ನು ದೇವರಿಗೆ ಬಿಡುತ್ತಾರೆ. ಕಂಪ್ಯೂಟರಿಗೇ ಹೋಲಿಸಲು ಹೇಳಬಹುದಲ್ಲ ಎಂದರೆ, 'ಅದನ್ನು ನಂಬೋದು ಹೇಗೆ ಸ್ವಾಮಿ?' ಅನ್ನುತ್ತಾರೆ.