ಚಿತ್ತಕಂಪನಶಾಸ್ತ್ರ ಪ್ರವೇಶಿಕೆ

ವಿಷಯ, ಸಂಬಂಧ, ಪ್ರಯೋಜನ, ಅಧಿಕಾರಿ ಎಂಬ ನಾಲ್ಕನ್ನು ಹೇಳದೆ ಶಾಸ್ತ್ರಗ್ರಂಥಕ್ಕೆ ಕೈಹಾಕಬಾರದೆಂದು ಹಿರಿಯರ ಕಟ್ಟಪ್ಪಣೆ. ನಮ್ಮ ವಿಷಯ ಮನಸ್ಸು. ಅದು ಅಲುಗಾಡುತ್ತದೆಂಬುದು ಸಂತೆಗೆ ಹೋಗಿಬಂದ ಯಾರಿಗಾದರೂ ಗೊತ್ತು. ಧ್ವನಿಯೂ ಅಲುಗಾಟವೇ ಎಂದು ಹೈಸ್ಕೂಲಿನ ಪುಸ್ತಕ ಹೇಳುತ್ತದೆ. ಎರಡೂ ಅಲುಗಾಡುವುದರಿಂದ ಎರಡೂ ಒಂದೇ, ಇದು ಸಂಬಂಧ. ಈ ತರ್ಕದಲ್ಲಿ ಪಲ್ಲಕ್ಕಿಯೂ ಸಡಿಲ ಹಲ್ಲೂ ಒಂದೇ ಆಗಬೇಕಲ್ಲ ಎನ್ನುವವರಿಗೆ ಮೂರನೆಯ ಸಂಪುಟದಲ್ಲಿ ಉತ್ತರವಿದೆ, ಅದಿನ್ನೂ ಅಚ್ಚಾಗಿಲ್ಲ. ತಲೆನೋವು, ಮರೆವು, ಗಣಿತದ ಭಯ, ನಿಂತುಹೋದ ಬಡ್ತಿ ಇವೆಲ್ಲ ತಕ್ಕ ಶ್ರುತಿಯಿಂದ ಸರಿಹೋಗುವುದೇ ಪ್ರಯೋಜನ. ನಾಲ್ಕನೆಯದು ಕೊನೆಗೆ.

ಪ್ರಥಮ ಅಧಿಕರಣ: ಪೂರ್ವಾಚಾರ್ಯರು

ಹೊಸ ಶಾಸ್ತ್ರಕ್ಕೆ ನೊಬೆಲ್ ಪಡೆದ ಪೂರ್ವಾಚಾರ್ಯರೊಬ್ಬರು ಬೇಕೇ ಬೇಕು. ನಮಗೆ ಸಿ. ವಿ. ರಾಮನ್ ಒದಗಿದ್ದಾರೆ. ಬರೀ ಚರ್ಮ ಬಿಗಿದ ವಾದ್ಯದಿಂದ ಹೊರಡುವ ಉಪಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ಮೃದಂಗದ ಬಲ ಮುಚ್ಚಿಗೆಯ ನಡುವೆ ಕೂರುವ ಕಪ್ಪು ಕರಣೆಯ ಭಾರವು ಅವುಗಳನ್ನು ಮೂಲಸ್ವರದ ಎರಡರಷ್ಟು, ಮೂರರಷ್ಟು ಎಂಬ ಲೆಕ್ಕಕ್ಕೆ ತರುತ್ತದೆ. 1920ರಲ್ಲಿ ರಾಮನ್ ಸಹಲೇಖಕರೊಬ್ಬರೊಡನೆ ‘ನೇಚರ್’ ಪತ್ರಿಕೆಯಲ್ಲಿ ಇದನ್ನು ತೋರಿಸಿಕೊಟ್ಟರು. ಅಷ್ಟಕ್ಕೇ ನಿಲ್ಲಿಸಿದ್ದು ಅವರ ಸಂಕೋಚ. ತಲೆಯೂ ಚರ್ಮ ಹೊದ್ದದ್ದೇ. ಬಡಿದರೆ ಸದ್ದು ಮಾಡುತ್ತದೆ. ಎಷ್ಟೋ ಪ್ರಸಂಗಗಳಲ್ಲಿ ಟೊಳ್ಳೂ ಹೌದು. ಹಣೆಯ ನಡುವೆ ಅರ್ಧ ತೊಲ ಕರಣೆ ಮೆತ್ತಿಕೊಂಡರೆ ಹೊಂದದ ಆಲೋಚನೆಗಳು ತಾವೇ ಶ್ರುತಿಗೂಡುವುವೆಂಬುದಕ್ಕೆ ಬೇರೆ ಸಾಧನೆ ಬೇಕಿಲ್ಲ. ವಾದ್ಯ ಕಟ್ಟುವವರು ಅನ್ನದ ಅಂಟಿಗೆ ಕಪ್ಪು ಕಲ್ಲಿನ ಪುಡಿ ಕಲಸಿ ಕರಣೆ ಮಾಡುತ್ತಾರೆ. ನಮ್ಮದೂ ಅದೇ, ಡಬ್ಬಿಯೂ ಬೆಲೆಯೂ ಮಾತ್ರ ಬೇರೆ.

ದ್ವಿತೀಯ ಅಧಿಕರಣ: ಮಹಾಸಂಖ್ಯೆ

ಪಾಶ್ಚಾತ್ಯ ವಾದ್ಯಗಳ ‘ಎ’ ಸ್ವರ ಸೆಕೆಂಡಿಗೆ 440 ಸಲ ಕಂಪಿಸಬೇಕೆಂದು 1939ರ ಮೇ ತಿಂಗಳಲ್ಲಿ ಲಂಡನ್ನಿನ ಸಮ್ಮೇಳನವೊಂದು ಗೊತ್ತುಪಡಿಸಿತು. ಸೆಪ್ಟೆಂಬರಿನಲ್ಲಿ ಮಹಾಯುದ್ಧ ಶುರುವಾಯಿತು. ಇನ್ನೇನು ಪುರಾವೆ ಬೇಕು? 432ಕ್ಕೆ ಇಳಿಸಿದರೆ ಲೋಕಶಾಂತಿ.

ಪೂರ್ವಪಕ್ಷ: ಸೆಕೆಂಡು ಮನುಷ್ಯ ಮಾಡಿಕೊಂಡ ಅಳತೆ. ಅಜ್ಜಂದಿರ ವಿಘಳಿಗೆಯಲ್ಲಿ, ಎಂದರೆ 24 ಸೆಕೆಂಡಿನಲ್ಲಿ, ಎಣಿಸಿದರೆ ಅದೇ ಸ್ವರ 10,368 ಆಗುತ್ತದೆ. 432ರ ಮಹಿಮೆ ಆಗೆಲ್ಲಿ?

ಸಿದ್ಧಾಂತ: ಇದ್ದಲ್ಲೇ ಇದೆ. 432ರ ಅಂಕಿಗಳನ್ನು ಕೂಡಿದರೆ 9. 10,368ರ ಅಂಕಿಗಳನ್ನು ಕೂಡಿದರೆ 18, ಮತ್ತೆ ಕೂಡಿದರೆ 9. 440 ಮಾತ್ರ 8. ಅದು ಶನಿಯ ಅಂಕಿ.

ಪೂರ್ವಪಕ್ಷ: 440ನ್ನೂ ವಿಘಳಿಗೆಯಲ್ಲಿ ಎಣಿಸೋಣ. 10,560 ಬಂತು, ಕೂಡಿದರೆ 12, ಮತ್ತೆ ಕೂಡಿದರೆ 3, ಗುರುವಿನ ಅಂಕಿ. ಶನಿ ಎಲ್ಲಿಗೆ ಹೋದ?

ಸಿದ್ಧಾಂತ: ಪ್ರಶ್ನೆ ಕೇಳಿದವರ ಮನೆಗೆ.

ಇನ್ನು, ನಮ್ಮ ಹಾಡುಗಾರರು ಯಾವ ಸಂಖ್ಯೆಯನ್ನೂ ಕೇಳದೆ, ಒಬ್ಬರು ಒಂದು ಮನೆ, ಇನ್ನೊಬ್ಬರು ಐದು ಮನೆ ಎಂದು ಕಂಠಕ್ಕೆ ಒಗ್ಗಿದ ಶ್ರುತಿ ಹಿಡಿದು ಸುಖವಾಗಿ ಹಾಡಿಕೊಂಡು ಬಂದಿದ್ದಾರೆ. ಶಾಸ್ತ್ರ ತಿಳಿಯದವರ ಸುಖ ಶಾಸ್ತ್ರಕ್ಕೆ ಬಾಧಕವಲ್ಲ.

ತೃತೀಯ ಅಧಿಕರಣ: ಪ್ರಮಾಣ

ಸಾಕ್ಷ್ಯ ಕೂಡಿಹಾಕುವ ವಿಧಾನವನ್ನು ನಾವು ವಿಜಯಪುರದ ಗೋಳಗುಮ್ಮಟದಿಂದ ಕಲಿತೆವು. ಅಲ್ಲಿ ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೆ ಸದ್ದು ಬಾಗಿದ ಗೋಡೆಯನ್ನೇ ಹಿಡಿದು ಸಾಗಿ ಆಚೆ ಬದಿಯಲ್ಲಿ ನಿಂತವರ ಕಿವಿಗೆ ಬೀಳುತ್ತದೆ. ಒಂದು ಚಪ್ಪಾಳೆ ಮತ್ತೆ ಮತ್ತೆ ಮರಳುತ್ತದೆ. ನಮ್ಮ ಶಿಷ್ಯರ ಬಳಗವೂ ಅದೇ ಮಾದರಿಯಲ್ಲಿ ಕಟ್ಟಿದ್ದು. ‘ನನಗೆ ಗುಣ ಕಂಡಿತು’ ಎಂದು ಒಬ್ಬರು ಒಂದು ಮೂಲೆಯಲ್ಲಿ ಗೊಣಗಿದರೆ ಸಾಕು, ಸಂಜೆಯೊಳಗೆ ಅದು ಊರಿನ ಎಲ್ಲ ಮೊಬೈಲುಗಳಿಂದ ನಮಗೇ ವಾಪಸು ಬರುತ್ತದೆ. ಬಂದಷ್ಟನ್ನೂ ಬೇರೆ ಬೇರೆ ಸಾಕ್ಷಿಗಳೆಂದು ಎಣಿಸುತ್ತೇವೆ. ಗುಣ ಕಾಣದಿದ್ದರೆ? ಆಗ ಆ ವ್ಯಕ್ತಿಯ ಕಂಪನವೇ ಕೆಳಮಟ್ಟದ್ದೆಂದು ಸಿದ್ಧವಾಗುತ್ತದೆ. ಕಂಪನ ಅಳೆಯಬಲ್ಲ ಬೇರೆ ವಿದ್ಯೆ ಇಲ್ಲದ್ದರಿಂದ ಈ ನಿರ್ಣಯಕ್ಕೆ ಮೇಲ್ಮನವಿ ಇಲ್ಲ. ಎರಡನೆಯ ಡಬ್ಬಿ ಇದೆ.

ಚರಮ ಅಧಿಕರಣ: ಅಧಿಕಾರಿ

ಓದಲು ಯಾರು ಅರ್ಹರೆಂದು ಮೊದಲೇ ಹೇಳುವುದು ಹಳೆಯ ವಾಡಿಕೆ. ಶುಲ್ಕ ಕಟ್ಟಿಸಿಕೊಂಡ ಮೇಲೆ ಹೇಳುವುದು ನಮ್ಮದು. ಜರ್ಮನಿಯ ಅರ್ನ್ಸ್ಟ್ ಕ್ಲಾಡ್ನಿ 1787ರಲ್ಲಿ ಒಂದು ಪ್ರಯೋಗವನ್ನು ಪ್ರಕಟಿಸಿದ. ಲೋಹದ ತಟ್ಟೆಯ ಮೇಲೆ ಮರಳು ಉದುರಿಸಿ ಅಂಚಿಗೆ ಪಿಟೀಲಿನ ಕಮಾನು ಎಳೆದರೆ, ಮರಳು ಸರಸರನೆ ಸರಿದು ರಂಗೋಲಿ ಮೂಡಿಸುತ್ತದೆ. ಬರೀ ಮರಳೇ ಹೀಗೆ ಕುಣಿದರೆ ಮಿದುಳು ಎಷ್ಟು ಕುಣಿಯಬೇಡ ಎಂದು ನಮ್ಮ ಕರಪತ್ರಗಳ ಮೇಲೆಲ್ಲ ಈ ಚಿತ್ರವನ್ನೇ ಅಚ್ಚು ಹಾಕಿಸಿದ್ದೇವೆ.

ಕರಪತ್ರದಲ್ಲಿ ಹಾಕಿಸದೆ ಬಿಟ್ಟ ರಹಸ್ಯ ಇದು. ತಟ್ಟೆ ಎಲ್ಲಿ ಜೋರಾಗಿ ಅದುರುತ್ತದೋ ಅಲ್ಲಿಂದ ಮರಳು ಸಿಡಿದು ಓಡುತ್ತದೆ. ಯಾವ ಗೆರೆಗಳು ಅದುರುವುದೇ ಇಲ್ಲವೋ ಅಲ್ಲಿ ಹೋಗಿ ಕೂರುತ್ತದೆ. ಹಾಗೆಯೇ, ಸಂಶಯ, ಲೆಕ್ಕ, ಮರುಪ್ರಶ್ನೆಗಳಿಂದ ಒಳಗೊಳಗೇ ಅದುರುವ ತಲೆಯ ಮೇಲೆ ನಮ್ಮ ಬೋಧನೆ ನಿಲ್ಲುವುದಿಲ್ಲ. ಏನೂ ಅಲ್ಲಾಡದ ತಲೆಯಲ್ಲಿ ಚಿತ್ತಾರವಾಗಿ ನೆಲೆಗೊಳ್ಳುತ್ತದೆ. ಅಂಥವರೇ ಇದಕ್ಕೆ ಅಧಿಕಾರಿಗಳು. ಇಲ್ಲಿಯವರೆಗೆ ಓದಿ ಒಂದು ಸಂಶಯವಾದರೂ ಬಂದಿದ್ದರೆ ನೀವು ಅನರ್ಹರು. ಬೇಸರಪಡದೆ ಪಕ್ಕದ ಮನೆಯವರ ವಿಳಾಸ ಬರೆದು ಕಳಿಸಿ.