ಅರಿಶಿಣ ಇಪ್ಪತ್ತು, ಕುಂಕುಮ ಹತ್ತು

ಬೆಳಿಗ್ಗೆ ಆರೂವರೆಗೆ ವ್ಯಾನಿನ ಬಾಗಿಲು ತೆಗೆದು, ಸ್ಟೇರಿಂಗಿನ ಬುಡಕ್ಕೆ ತಲೆ ತೂರಿಸಿ, ಕಾಲು ಅಂಗಳಕ್ಕೆ ಚಾಚಿ ಮಲಗಿದ್ದೆ. ಯಾದಗಿರಿಯ ಏಪ್ರಿಲ್‌ನಲ್ಲಿ ಇಂಥ ಕೆಲಸ ಏನಿದ್ದರೂ ಎಂಟರೊಳಗೆ ಮುಗಿಸಬೇಕು. ಆಮೇಲೆ ಗಾಡಿಯ ತಗಡಿಗೂ ರೊಟ್ಟಿ ಹಂಚಿಗೂ ಫರಕು ಉಳಿಯುವುದಿಲ್ಲ.

ನಮ್ಮ ಮನೆಗೂ ಪಕ್ಕದ ಕಾಕಾನ ಮನೆಗೂ ನಡುವೆ ಇರುವುದು ಸಾಲಾಗಿ ನೆಟ್ಟ ಶಹಾಬಾದಿ ಪರಸಿ, ಎದೆಮಟ್ಟ. ಅದರಲ್ಲೊಂದು ಪರಸಿಯ ಮೂಲೆ ಯಾವ ಕಾಲದಲ್ಲೋ ಮುರಿದಿದೆ. ಇಬ್ಬರೂ ಅದನ್ನು ಸರಿ ಮಾಡಿಸುವ ಗೋಜಿಗೆ ಹೋಗಿಲ್ಲ. ಚಹಾ, ಕರಿಬೇವು, ಹೆಪ್ಪಿಗೆ ಮೊಸರು, ಊರ ಸುದ್ದಿ ಎಲ್ಲವೂ ಓಡಾಡುವುದು ಅದೇ ಕಿಂಡಿಯಿಂದ. ಆವತ್ತು ಅಲ್ಲಿಂದ ಕಾಕಾನ ದನಿ ಬಂತು.

"ಏನ್ ಕಳಕೊಂಡೀಯೋ ತಮ್ಮಾ?"

"ಫ್ಯೂಸಿನ ಡಬ್ಬಿ ಹುಡುಕ್ಲತ್ತೀನ್ರಿ ಕಾಕಾ."

"ಗಾಡಿ ತಗೊಂಡು ನಾಕು ವರ್ಷ ಆಯ್ತು. ಡಬ್ಬಿ ಎಲ್ಲದ ಅಂತ ಇವತ್ತು ಹುಡುಕ್ಲತ್ತೀ?"

ಕಾಕಾ ಬಸ್ ಡಿಪೊದಲ್ಲಿ ಎಲೆಕ್ಟ್ರಿಷಿಯನ್ ಆಗಿದ್ದವರು. ನಿವೃತ್ತಿಯಾದ ಮೇಲೆ ಅವರ ಕೈಗೆ ಕೆಲಸ ಕಡಿಮೆಯಾಯಿತೇ ಹೊರತು ಬಾಯಿಗೆ ಆಗಲಿಲ್ಲ. ನಾನು ಎದ್ದು ಮೈ ಕೊಡವಿಕೊಳ್ಳುವುದರೊಳಗೆ ಪರಸಿಯ ಮೇಲೆ ಎರಡೂ ಮೊಳಕೈ ಊರಿ ನಿಂತಾಗಿತ್ತು.

ನಮ್ಮದು ಈಕೋ. ಮಾರುತಿಯವರು ಅದನ್ನು ಮಾರುಕಟ್ಟೆಗೆ ತಂದದ್ದು 2010ರ ಜನವರಿಯಲ್ಲಿ. ಗುಲಬರ್ಗಾದಿಂದ ಬೇರೆಯಾಗಿ ಯಾದಗಿರಿ ಜಿಲ್ಲೆಯಾದದ್ದು 2009ರ ಡಿಸೆಂಬರ್ 30ಕ್ಕೆ. "ಜಿಲ್ಲಾ, ವ್ಯಾನು ಎರಡೂ ಒಂದ ವಾರಿಗಿ" ಎಂದು ಕಾಕಾ ಆಗಾಗ ಹೇಳುತ್ತಾರೆ. ಎರಡರಲ್ಲಿ ಯಾವುದಕ್ಕೆ ಹೆಚ್ಚು ರಿಪೇರಿ ಬೇಕು ಎಂಬುದನ್ನು ಮಾತ್ರ ಹೇಳುವುದಿಲ್ಲ. ಈಕೋಗೂ ಮುಂಚೆ ಮಾರುತಿ ವ್ಯಾನಿತ್ತು. 1984ರಲ್ಲಿ ಬಂದು, 1988ರಲ್ಲಿ ಓಮ್ನಿ ಎಂದು ಹೆಸರು ಬದಲಿಸಿಕೊಂಡು, 2019ರಲ್ಲಿ ನಿಂತಿತು. ನಮ್ಮ ಮಂದಿ ಹೆಸರಿನ ತಂಟೆಗೆ ಹೋಗಲಿಲ್ಲ. ಏಳೆಂಟು ಜನ, ಬುತ್ತಿಗಂಟು, ಒಂದು ಕೊಡ ನೀರು ಹಿಡಿಸಿದರೆ ಅದು 'ವ್ಯಾನ್', ಅಷ್ಟೆ. ಎರಡರದೂ ಎಂಜಿನ್ ಮುಂದಿನ ಸೀಟಿನ ಬುಡದಲ್ಲಿ. ದಾರಿಯಲ್ಲಿ ಗಾಡಿ ನಿಂತರೆ ಸಹಾಯಕ್ಕೆ ಬಂದವರು ಮೂತಿ ಎತ್ತಿ ನೋಡಿ, ಅಲ್ಲಿ ಎಂಜಿನ್ನೇ ಇಲ್ಲದ್ದು ಕಂಡು, ನನ್ನ ಮುಖ ನೋಡುತ್ತಾರೆ.

ಆದರೆ ನಮ್ಮ ಗಾಡಿ ನಿಂತಿರಲಿಲ್ಲ. ಆದದ್ದೇ ಬೇರೆ.

ಹಿಂದಿನ ದಿನ ಐತವಾರ. ಅವ್ವ, ನನ್ನಾಕೆ, ಮಕ್ಕಳು, ಸೂಟಿಗೆ ಬಂದ ತಂಗಿ, ಅವಳ ಐದು ವರ್ಷದ ಪೋರ ಎಲ್ಲರನ್ನೂ ತುಂಬಿಕೊಂಡು ತಿಂಥಣಿ ಮೌನೇಶ್ವರಕ್ಕೆ ಹೋಗಿದ್ದೆವು. ಭೀಮೆ ದಾಟಿ ಶಹಾಪುರ, ಶಹಾಪುರದಿಂದ ಸುರಪುರ, ಆಮೇಲೆ ಕೃಷ್ಣೆಯ ದಂಡೆ. ಹೋಗುವಾಗ ಎಲ್ಲ ಸರಿ ಇತ್ತು. ದರ್ಶನ ಮಾಡಿ, ಹೊಳೆಯಲ್ಲಿ ಕಾಲು ತೋಯಿಸಿಕೊಂಡು, ಕಟ್ಟಿಕೊಂಡು ಹೋದ ರೊಟ್ಟಿ, ಶೇಂಗಾ ಹಿಂಡಿ ತಿಂದು ಹೊರಳಿದೆವು. ಸುರಪುರ ಇನ್ನೂ ಬಂದಿರಲಿಲ್ಲ. ಪೆನ್‌ಡ್ರೈವಿನಲ್ಲಿ ಕಡಕೋಳ ಮಡಿವಾಳಪ್ಪನವರ ತತ್ವಪದ ಹಚ್ಚಿದ್ದೆ. ಪದ ಅರ್ಧದಲ್ಲಿದ್ದಾಗ ಗಪ್ಪಂತ ನಿಂತಿತು. ನಾಲ್ಕು ಗುಂಡಿ ಒತ್ತಿದೆ, ಬೋರ್ಡಿಗೆ ಒಂದು ಏಟು ಹಾಕಿದೆ. ಇಲ್ಲ. ಹಿಂದಿನಿಂದ ಮಗಳು "ಅಪ್ಪಾ, ಚಾರ್ಜಿಂಗೂ ಆಗ್ತಿಲ್ಲ" ಎಂದಳು. ಹಾರ್ನ್ ಇದೆ, ದೀಪ ಇದೆ, ಎಂಜಿನ್ ತನ್ನಷ್ಟಕ್ಕೆ ಓಡುತ್ತಿದೆ. ಹಾಡು ಮತ್ತು ಮೊಬೈಲ್ ಚಾರ್ಜಿಂಗ್ ಎರಡೇ ಹೋಗಿವೆ.

ಅವ್ವ ಮಾತ್ರ ತಲೆ ಕೆಡಿಸಿಕೊಳ್ಳಲಿಲ್ಲ. ಪದ ನಿಂತಲ್ಲಿಂದ ತಾನೇ ಎತ್ತಿಕೊಂಡು ಮುಗಿಸಿದಳು. ಆಮೇಲೆ ಇನ್ನೊಂದು ಹೇಳಿದಳು. ಶಹಾಪುರ ಸಮೀಪ ಬಂದಾಗ ಬೆಟ್ಟದ ಸಾಲು ಮಲಗಿದ ಬುದ್ಧನಾಗಿ ಸಂಜೆಬಿಸಿಲಿಗೆ ಅಂಗಾತ ಬಿದ್ದಿತ್ತು. ಹಣೆ, ಮೂಗು, ಎದೆ ಎಲ್ಲ ಎಣಿಸುವಷ್ಟು ಸ್ಪಷ್ಟ. ಮಗಳ ಮೊಬೈಲ್ ಆಗಲೇ ಸತ್ತಿತ್ತು. ಫೋಟೋ ತೆಗೆಯುವ ಗದ್ದಲವಿಲ್ಲದೆ ಆ ಬುದ್ಧನನ್ನು ನಮ್ಮ ಮನೆಯವರು ಕಣ್ಣಾರೆ ನೋಡಿದ್ದು ಅದೇ ಮೊದಲು.

ಶಹಾಪುರದಲ್ಲಿ ರಸ್ತೆಬದಿಯ ಅಂಗಡಿಯೊಂದರ ಮುಂದೆ ನಿಲ್ಲಿಸಿದೆ. ಹುಡುಗ ಬಗ್ಗಿ ನೋಡಿ "ಫ್ಯೂಸ್ ಹೋಗ್ಯದ್ರಿ ಸರ್. ನಮ್ಮ ಹಂತ್ಯಾಕ ಆ ನಂಬರ್ ಇಲ್ಲ. ಒಂದ್ ತಂತಿ ಸುತ್ತಿ ಕೊಡ್ಲಿ?" ಎಂದ. ಕತ್ತಲಾಗುತ್ತಿತ್ತು, ನಾನು ಬೇಡವೆಂದೆ. ನನ್ನ ಜಾಣತನವೇನೂ ಅಲ್ಲ. ಅಂಗಡಿ ಮುಂದೆ ಗಾಡಿ ನಿಲ್ಲಿಸಲು ಜಾಗವಿರಲಿಲ್ಲ.

ಇದಿಷ್ಟನ್ನೂ ಕಾಕಾನಿಗೆ ಹೇಳಿದೆ. 'ತಂತಿ' ಎಂಬಲ್ಲಿಗೆ ಬಂದಾಗ ಅವರ ಮೊಳಕೈ ಪರಸಿಯಿಂದ ಎದ್ದಿತು.

"ತಂತಿ ಸುತ್ತತೀನಿ ಅಂದ? ಸಿಗರೇಟಿನ ಚಾಂದಿ ಕಾಗದ ಇಡ್ತೀನಿ ಅನ್ಲಿಲ್ಲ, ಪುಣ್ಯ! ಅಲ್ಲೋ ತಮ್ಮಾ, ಫ್ಯೂಸಿನಾಗ ಇರೋದು ಸತುವಿನ ಪಟ್ಟಿ. ನಾಕನೂರಾ ಇಪ್ಪತ್ತು ಡಿಗ್ರಿಗೆ ಕರಗ್ತದ. ತಾಮ್ರ ಕರಗಬೇಕಂದ್ರ ಸಾವಿರದ ಮ್ಯಾಲ ಹೋಗಬೇಕು. ಅದು ಕರಗೂದರಾಗ ಬೋರ್ಡಿನ ಹಿಂದಿನ ವಾಯರೆಲ್ಲಾ ಹೊಗಿ ಹಾಕಿರ್ತಾವ. ಗಾಡ್ಯಾಗ ಕುಂತವರು ನೀವು!"

ಆಮೇಲೆ ಅವರ ಮಾತು ಗದ್ದೆಗೆ ಇಳಿಯಿತು. ನಾರಾಯಣಪುರ ಡ್ಯಾಮಿನ ಕಾಲುವೆ ನೀರು ಬಂದ ಮೇಲೆ ಶಹಾಪುರ, ಸುರಪುರದ ಕಡೆ ಭತ್ತ ಬಂತು, ಭತ್ತದ ಜೊತೆ ಇಲಿ ಬಂದವು, ಕಾಲುವೆಯಿಂದ ನೀರೆತ್ತಲು ಮೋಟಾರು ಬಂದವು. ಕಾಕಾನ ಸಂಬಂಧಿಕರೊಬ್ಬರು ಹೊಲದ ಡಬ್ಬಿಯಲ್ಲಿ ಫ್ಯೂಸ್ ತಂತಿ ಪದೇ ಪದೇ ಹೋಗುತ್ತದೆಂದು ಸಿಟ್ಟಾಗಿ ಅಲ್ಲೊಂದು ಮೊಳೆ ಇಟ್ಟರಂತೆ. ಮೊಳೆ ಎಲ್ಲಿ ಕರಗಬೇಕು? ಮೋಟಾರೇ ಸುಟ್ಟಿತು. ಸುತ್ತಿಸಲು ಶಹಾಪುರಕ್ಕೆ ಹೊತ್ತು ತಂದಾಗ "ಫ್ಯೂಸ್ ಮಾತ್ರ ಗಟ್ಟಿ ಅದ ನೋಡು" ಎಂದು ಅವರೇ ಹೇಳಿದರಂತೆ. ಈ ಕಥೆಯನ್ನು ಕಾಕಾನ ಬಾಯಲ್ಲಿ ನಾನು ಕೇಳುತ್ತಿರುವುದು ನಾಲ್ಕನೆಯ ಸಲ. ಮೊದಲ ಸಲ ಮೊಳೆ ಒಂದೂವರೆ ಇಂಚಿನದಿತ್ತು, ಈಗ ಮೂರು ಇಂಚಿನದಾಗಿದೆ.

ಫ್ಯೂಸಿಗೆ ನಮ್ಮಲ್ಲಿ ಮರ್ಯಾದೆ ಕಡಿಮೆ ಎಂಬುದು ಅವರ ಹಳೆಯ ದೂರು. ಬುದ್ಧಿ ನಿಂತವನನ್ನು ನೋಡಿ 'ಅವನ ಫ್ಯೂಸ್ ಹೋಗ್ಯದ' ಎನ್ನುತ್ತೇವೆ. "ಮನ್ಯಾಗ ಬೆಂಕಿ ಹತ್ತೇದಂತ ಒದರಿದ ನಾಯಿಗೇ ಕಲ್ಲು ಹೊಡ್ಯಾ ಮಂದಿ ನಾವು. ಹೋಗೂದ ಅದರ ಕೆಲಸ. ಯಾಕ ಹೋಯ್ತು ಅಂತ ಕೇಳಬೇಕೋ ಬ್ಯಾಡೋ?"

"ಮೊದ್ಲ ಎಲ್ಲದ ಹೇಳ್ರಿ ಕಾಕಾ, ಆಮ್ಯಾಲ ಕೇಳೋಣ."

"ಬುಕ್ ಎಲ್ಲದ?"

ಗಾಡಿಯ ಬುಕ್ಕು ದೇವರ ಮನೆಯಲ್ಲಿತ್ತು. ಗಾಡಿ ಬಂದ ದಿನ ಪೂಜೆಗಿಟ್ಟದ್ದು, ಪ್ಲಾಸ್ಟಿಕ್ ಚೀಲದ ಸಮೇತ ಹಾಗೇ ಇತ್ತು, ಪ್ರತಿ ಆಯುಧಪೂಜೆಗೆ ಮೇಲೊಂದು ಹೂ ಕಂಡಿತ್ತು. ತಂದು ಧೂಳು ಹೊಡೆದು ಬಿಚ್ಚಿದೆವು. ಚಿತ್ರ ಸಮೇತ ಎಲ್ಲ ಬರೆದಿದೆ. ನಾನು ಎಡಗಡೆ ತಡಕಾಡುತ್ತಿದ್ದೆ. ಡಬ್ಬಿ ಇದ್ದದ್ದು ಸ್ಟೇರಿಂಗಿನ ಕೆಳಗೆ ಬಲಕ್ಕೆ, ಮೊಣಕಾಲು ತಾಗುವಲ್ಲಿ. ದಿನವೂ ಮೊಣಕಾಲು ತಾಗಿಸಿಕೊಂಡೇ ಓಡಿಸುತ್ತಿದ್ದೇನೆ. ಗಾಡಿಗಾಡಿಗೆ ಈ ಜಾಗ ಬೇರೆ. ಕೆಲವದರಲ್ಲಿ ಎಡಗಡೆ ಡಬ್ಬದ ಹಿಂದೆ ಅಡಗಿರುತ್ತದೆ. ದೊಡ್ಡ ಫ್ಯೂಸುಗಳು ಬ್ಯಾಟರಿಯ ಹತ್ತಿರ ಬೇರೆಯೇ ಇರುತ್ತವೆ. ಅವುಗಳ ತಂಟೆಗೆ ನೀನು ಹೋಗಬೇಡ ಎಂದು ಕಾಕಾ ಮೊದಲೇ ತಾಕೀತು ಮಾಡಿದರು.

ಮುಚ್ಚಳ ಕಿತ್ತಾಗ ಒಳಗೆ ಹೋಳಿಹುಣ್ಣಿಮೆ. ಕೆಂಪು, ಹಳದಿ, ನೀಲಿ, ಕಂದು, ಹಸಿರು. ಕಾಕಾನ ಕಣ್ಣಿಗೆ ಪೊರೆ ಬಂದಿದೆ, ಆಪರೇಷನ್ ಮುಂದಿನ ತಿಂಗಳು. ಫ್ಯೂಸಿನ ತಲೆಯ ಮೇಲಿನ ನಂಬರು ಅವರಿಗೆ ಕಾಣದು, ನನಗೆ ಕನ್ನಡಕವಿಲ್ಲದೆ ಕಾಣದು. ಆಗ ಕಿಂಡಿಯಿಂದ ಚಹಾ ಚಾಚಿದ ಕಾಕಿ ನಿಂತಲ್ಲಿಂದಲೇ ಹೇಳಿದರು: "ಅದಕ್ಕ ನಂಬರ್ ಯಾಕ ಬೇಕು? ಅರಿಶಿಣ ಇಪ್ಪತ್ತು, ಕುಂಕುಮ ಹತ್ತು, ಹಸರ ಬಳಿ ಮೂವತ್ತು. ನೀಲಿ ಹದಿನೈದು. ಬೆಲ್ಲದ ಬಣ್ಣದ್ದು ಏಳೂವರಿ. ಬಣ್ಣ ಇಲ್ಲದ್ದು ಇಪ್ಪತ್ತೈದು."

ಕಾಕಾ ಮೀಸೆಯಲ್ಲೇ ನಕ್ಕರು. ಡಿಪೊದಲ್ಲಿ ಪರೀಕ್ಷೆ ಕಟ್ಟಿದಾಗ ಅವರಿಗೆ ಓದಿಸಿದ್ದೇ ಕಾಕಿಯಂತೆ. ಗಂಡನಿಗೆ ಬಣ್ಣ ನೆನಪುಳಿಯದಾದಾಗ ಅಡುಗೆಮನೆಯ ಲೆಕ್ಕದಲ್ಲಿ ಬಾಯಿಪಾಠ ಮಾಡಿಸಿದ್ದರು. ಐದು ಆಂಪಿಯರಿನದು ಗೋಧಿಯ ಬಣ್ಣ ಎಂಬುದನ್ನು ಕಾಕಿ ಬಿಟ್ಟಿದ್ದರು, ಕಾಕಾ ಅದೊಂದನ್ನು ಸೇರಿಸಿ ಮಾನ ಉಳಿಸಿಕೊಂಡರು.

ಮುಚ್ಚಳದ ಒಳಮೈಯಲ್ಲಿ ಯಾವ ಮನೆ ಯಾರದೆಂದು ಚಿತ್ರವಿರುತ್ತದೆ. ನಮ್ಮ ಗಾಡಿಯಲ್ಲಿ ಹಾಡು ಮತ್ತು ಚಾರ್ಜರಿನ ತೂತಿಗೆ ಒಂದೇ ಫ್ಯೂಸು, ನೀಲಿ. ಚಾವಿ ತಿರುವಿ ಬಂದ್ ಮಾಡಿದೆ. ಫ್ಯೂಸ್ ಕೀಳಲು ಒಂದು ಸಣ್ಣ ಪ್ಲಾಸ್ಟಿಕ್ ಚಿಮಟ ಬೇಕು. ಅದಿಲ್ಲದಿದ್ದರೆ ಅತ್ತಿತ್ತ ಅಲುಗಿಸುತ್ತ ಬೆರಳಿನಿಂದಲೇ ಮೆಲ್ಲಗೆ ಎಳೆಯಬೇಕು. ಎಳೆದು ಬೆಳಕಿಗೆ ಹಿಡಿದೆ. ನಡುವಿನ ಕೊಂಡಿ ಕಡಿದು, ಸುತ್ತ ಕಾಡಿಗೆ ಹಚ್ಚಿದಂತಾಗಿತ್ತು.

"ಕಣ್ಣಿಗೆ ಕಂಡ್ರ ಸರಿ. ಕಾಣ್ಲಿಲ್ಲಂದ್ರ?" ಎಂದು ಕಾಕಾ ಒಳಗೆ ಹೋಗಿ ತಮ್ಮ ಟೆಸ್ಟ್ ಲ್ಯಾಂಪ್ ತಂದರು. ಹನ್ನೆರಡು ವೋಲ್ಟಿನ ಪುಟ್ಟ ಬಲ್ಬು, ಎರಡು ವಾಯರು. ಫ್ಯೂಸನ್ನು ಕೀಳದೆಯೂ ನೋಡಬಹುದು ಎಂಬುದು ನನಗೆ ಗೊತ್ತಿರಲಿಲ್ಲ. ಅದರ ನೆತ್ತಿಯ ಮೇಲೆ ಎರಡು ಸಣ್ಣ ಕಿಂಡಿಗಳಿವೆ, ಒಳಗೆ ಲೋಹ ಕಾಣುತ್ತದೆ. ಚಾವಿ ಹಾಕಿ, ಲ್ಯಾಂಪಿನ ಒಂದು ವಾಯರನ್ನು ಬಣ್ಣವಿಲ್ಲದ ಬೋಲ್ಟಿಗೆ ಹಿಡಿದು, ಇನ್ನೊಂದನ್ನು ಎರಡೂ ಕಿಂಡಿಗೆ ಸರದಿಯಂತೆ ಮುಟ್ಟಿಸಬೇಕು. ಎರಡೂ ಕಡೆ ಉರಿದರೆ ಫ್ಯೂಸ್ ನೆಟ್ಟಗಿದೆ. ಒಂದೇ ಕಡೆ ಉರಿದರೆ ಹೋಗಿದೆ. ಎರಡೂ ಕಡೆ ಉರಿಯದಿದ್ದರೆ ಕರೆಂಟೇ ಅಲ್ಲಿಗೆ ಬಂದಿಲ್ಲ. ಫ್ಯೂಸನ್ನು ಬೈಯುವ ಹಾಗಿಲ್ಲ.

ಡಬ್ಬಿಯಲ್ಲೇ ಒಂದು ನೀಲಿ ಹೆಚ್ಚುವರಿಯಾಗಿ ಇತ್ತು. ಒತ್ತಿ ಕೂರಿಸಿ ಚಾವಿ ತಿರುವಿದೆ. ಮಡಿವಾಳಪ್ಪನವರ ಪದ ಒಂದಕ್ಷರವೂ ಬರಲಿಲ್ಲ. ಕಿತ್ತು ನೋಡಿದರೆ ಅದೂ ಹೋಗಿತ್ತು. ನಾಲ್ಕು ವರ್ಷ ಕಾದು ಕೂತಿದ್ದ ಫ್ಯೂಸು, ಕಣ್ಣು ಮಿಟುಕಿಸುವುದರೊಳಗೆ.

"ಹಳದಿ ಹಾಕಿ ನೋಡ್ಲಾ ಕಾಕಾ? ಇಪ್ಪತ್ತರದು?"

ಅವರು ನನ್ನನ್ನು ನೋಡಿದ ಪರಿ ಹೇಗಿತ್ತೆಂದರೆ, ಮೂರಿಂಚಿನ ಮೊಳೆ ನನ್ನ ಕೈಯಲ್ಲೇ ಇತ್ತೇನೋ ಅನ್ನಿಸಿತು.

"ಎರಡನೇದೂ ಹೋಯ್ತಂದ್ರ ಫ್ಯೂಸಿನ ಮಾತು ಮುಗೀತು. ಎಲ್ಲೋ ಕೂಡಬಾರದ್ದು ಕೂಡೇದ. ಇಲಿ ಕಡದದೋ, ಭಾಳ ಹೇರಿಯೋ, ಏನರ ಬಿದ್ದದೋ. ಹುಡುಕು."

ಹೇರುವುದರ ಬಗ್ಗೆ ಅವರದೊಂದು ಲೆಕ್ಕವಿದೆ, ಅದನ್ನು ಕೇಳಿ ನಾನು ಬೆರಗಾದೆ. ಮನೆಯಲ್ಲಿ ಸಾವಿರ ವ್ಯಾಟಿನ ಇಸ್ತ್ರಿಪೆಟ್ಟಿಗೆ ಎಳೆಯುವುದು ನಾಲ್ಕೂವರೆ ಆಂಪಿಯರಿನ ಹತ್ತಿರ, ಯಾಕೆಂದರೆ ಅಲ್ಲಿ 230 ವೋಲ್ಟು. ವ್ಯಾನಿನಲ್ಲಿ ಬರೇ 12. ಹಾಗಾಗಿ 55 ವ್ಯಾಟಿನ ಎರಡು ಹೆಡ್‌ಲೈಟೇ ಒಂಬತ್ತು ಆಂಪಿಯರು ಕುಡಿಯುತ್ತವೆ, ಇಸ್ತ್ರಿಪೆಟ್ಟಿಗೆಯ ಎರಡರಷ್ಟು. ಬೆಳಕು ಸಾಲದೆಂದು ನಮ್ಮ ಹುಡುಗರು 100/90ರ ಬಲ್ಬು ಹಾಕಿಸಿಕೊಳ್ಳುತ್ತಾರಲ್ಲ, ಆ ಜೋಡಿ ಎತ್ತರದ ಬೀಮಿನಲ್ಲಿ ಹದಿನಾರು ದಾಟುತ್ತದೆ. ಹದಿನೈದರ ಫ್ಯೂಸು ಪಾಪ ಏನು ಮಾಡಬೇಕು? ಬಸ್ಸಿನಲ್ಲಿ ಈ ತಾಪತ್ರಯ ಅರ್ಧ, ಅಲ್ಲಿ 24 ವೋಲ್ಟು ಎಂದು ಕಾಕಾ ಬಸ್ಸಿನ ಕಡೆ ಹೊರಟರು. ನಾನು ತಡೆದೆ.

ವಾಯರು ನೋಡಿದೆ, ಇಲಿ ಹಲ್ಲಿನ ಗುರುತಿಲ್ಲ. ಎರಡು ಬಾಯಿಯ ಚಾರ್ಜರ್ ಕಿತ್ತು ನೋಡಿದೆ. ಅದರ ಮೂತಿ ಒಂದಿಷ್ಟು ಕಪ್ಪಾಗಿತ್ತು. ಕಾಕಾ ಬ್ಯಾಟರಿ ಕೊಟ್ಟು "ತೂತಿನಾಗ ಬೆಳಕು ಬಿಡು" ಎಂದರು. ಬಿಟ್ಟೆ. ತಳದಲ್ಲಿ ಏನೋ ಫಳಕ್ಕೆಂದಿತು.

ಈಚಿನ ಸಣ್ಣ ಒಂದು ರೂಪಾಯಿ. ಓರೆಯಾಗಿ ಕೂತು, ತಳದ ಗುಬುಟಿಗೂ ಸುತ್ತಿನ ಗೋಡೆಗೂ ಸೇತುವೆ ಕಟ್ಟಿತ್ತು.

ಚಾವಿ ಬಂದ್ ಇದ್ದರೂ ಇಕ್ಕಳ ಹಾಕಬೇಡ ಎಂದರು ಕಾಕಾ. ಹೋದ ಫ್ಯೂಸನ್ನು ಹೊರಗೇ ಇಟ್ಟು, ಊದುಬತ್ತಿಯ ಕಡ್ಡಿಯ ತುದಿಗೆ ಬೇವಿನ ಗೋಂದು ಹಚ್ಚಿ, ಮೂರು ಸಲ ಜಾರಿ ನಾಲ್ಕನೆಯ ಸಲ ರೂಪಾಯಿ ಮೇಲೆ ಬಂತು. ಅಂಚಿನಲ್ಲಿ ಎಳ್ಳಿನಷ್ಟು ಕಪ್ಪು ಚುಕ್ಕೆ.

ಅಷ್ಟರಲ್ಲಿ ತಂಗಿಯ ಪೋರ ಎದ್ದು ಕಣ್ಣುಜ್ಜಿಕೊಳ್ಳುತ್ತ ಬಂದು ನಿಂತಿದ್ದ. ರೂಪಾಯಿ ನೋಡಿದ್ದೇ ಅಳು ಸುರು. "ಅದ್ಯಾಕ ತೆಗದ್ರಿ? ನಾ ದೇವರಿಗಿ ಹಾಕಿದ್ದು!"

ಬಿಡಿಸಿ ಕೇಳಿದರೆ ಕಥೆ ಇಷ್ಟು: ತಿಂಥಣಿಯಲ್ಲಿ ಹುಂಡಿಗೆ ಹಾಕೆಂದು ಅವ್ವ ಅವನ ಕೈಗೆ ರೂಪಾಯಿ ಕೊಟ್ಟಿದ್ದಳು. ಗದ್ದಲದಲ್ಲಿ ಅವನ ಕೈ ಹುಂಡಿಗೆ ನಿಲುಕಲಿಲ್ಲ. ದಾರಿಯಲ್ಲಿ ಮುಂದಿನ ಸೀಟಿನಲ್ಲಿ ತಾಯಿಯ ತೊಡೆ ಮೇಲೆ ಕೂತವನಿಗೆ ದುಂಡನೆಯ ತೂತು ಕಂಡಿದೆ, ಅದರ ಮೇಲೆ ಬೋರ್ಡಿನಲ್ಲಿ ನಾವೇ ಅಂಟಿಸಿದ ಮೌನೇಶ್ವರರ ಪಟ. ಚಾರ್ಜರ್ ತೆಗೆದು, ಕಾಣಿಕೆ ಹಾಕಿ, ಕೈಮುಗಿದು, ಚಾರ್ಜರನ್ನು ಮೊದಲಿನಂತೆಯೇ ಮುಚ್ಚಿಟ್ಟಿದ್ದಾನೆ.

ಕಾಕಾ ಪರಸಿ ಹಿಡಿದುಕೊಂಡು ನಕ್ಕು ನಕ್ಕು ಕೆಮ್ಮು ಬರಿಸಿಕೊಂಡರು. ಇನ್ನೊಂದು ನೀಲಿ ಅವರ ಹಳೆಯ ಬಿಸ್ಕತ್ತಿನ ಡಬ್ಬಿಯಲ್ಲಿ ಸಿಕ್ಕಿತು. ಹಾಕಿದೆ, ಪದ ನಿನ್ನೆ ನಿಂತಲ್ಲಿಂದಲೇ ಎತ್ತಿಕೊಂಡಿತು. ಒಳಗಿನಿಂದ ಅವ್ವ "ಅದನ್ನ ನಿನ್ನೇನ ಮುಗಿಸೀನಲ್ಲ, ಮುಂದಿಂದು ಹಚ್ಚು" ಎಂದು ಕೂಗಿದಳು.

ಪೋರನ ಅಳು ಮಾತ್ರ ನಿಲ್ಲಲಿಲ್ಲ. ಕೊನೆಗೆ ಕಾಕಿ ಕಿಂಡಿಯಿಂದ ಕೈ ಚಾಚಿ ಆ ರೂಪಾಯಿ ಇಸಕೊಂಡರು. ಸೆರಗಿನಿಂದ ಗೋಂದು ಒರೆಸಿ, ಅವನ ಕಣ್ಣೆದುರಿಗೇ ಅರಿಶಿಣ ಕುಂಕುಮ ಹಚ್ಚಿ, ಅರಿವೆಯ ತುಂಡಿನಲ್ಲಿ ಗಂಟು ಕಟ್ಟಿದರು. ಮುಂದಿನ ಸಲ ತಿಂಥಣಿಗೆ ಹೋಗುವಾಗ ತಾವೂ ಬರುತ್ತಾರಂತೆ. ವ್ಯಾನಿನಲ್ಲಿ ಜಾಗ ಇದೆಯೇ ಎಂದು ಕಾಕಾ ಆಗಲೇ ಸೀಟು ಎಣಿಸುತ್ತಿದ್ದರು.