ಪ್ರಸಾಧನ ಪ್ರಸಂಗ

ಛತ್ರಕ್ಕೂ ಅಡುಗೆಯವರಿಗೂ ಮುಂಗಡವಿತ್ತು ಉಳಿದ ಅಲ್ಪಧನವನ್ನು ಜೇಬಿನಲ್ಲಿ ತಡವಿಕೊಳ್ಳುತ್ತ, ಯಲಹಂಕದ ಕನ್ಯಾಪಿತೃವೊಬ್ಬರು ಆರ್.ಟಿ. ನಗರದ ಪ್ರಸಾಧನಕಲಾವಿದೆಯ ಸನ್ನಿಧಿಯಲ್ಲಿ ವಿನೀತರಾಗಿ ನಿಂತರು.

"ಅಮ್ಮಾ, ವಧುವಿನ ಅಲಂಕಾರಕ್ಕೆ ದಕ್ಷಿಣೆಯೆಷ್ಟು?"

"ಮುಹೂರ್ತಕ್ಕೆ ಇಪ್ಪತ್ತೈದು ಸಾವಿರ, ಆರತಕ್ಷತೆಗೆ ಬೇರೆ, ಮೊಗ್ಗಿನ ಜಡೆಗೂ ಸೀರೆಯ ನೆರಿಗೆಗೂ ಪ್ರತ್ಯೇಕ, ಬ್ರಾಹ್ಮೀಮುಹೂರ್ತದಲ್ಲಿ ಎಬ್ಬಿಸುವುದಾದರೆ ನಿದ್ರಾಭಂಗಶುಲ್ಕ, ಹೆಬ್ಬಾಳದ ಮೇಲುಸೇತುವೆ ದಾಟಿಸುವುದಾದರೆ ಪ್ರಯಾಣವೆಚ್ಚ."

"ಬೆಳಗಿನ ನಾಲ್ಕಕ್ಕೆ ಅಲ್ಲಿ ದಟ್ಟಣೆಯೆಲ್ಲಿಯದು?"

"ಹಿಂದಿರುಗುವಾಗ ಇರುತ್ತದೆ."

ಈ ಉತ್ತರ ಮಾತ್ರ ಸತ್ಯವೆಂದು ಹೆಬ್ಬಾಳವನ್ನು ಬಲ್ಲವರೆಲ್ಲರೂ ಒಪ್ಪುವರು.

"2025ರ ಸೆಪ್ಟೆಂಬರ್ 22ರಿಂದ ಸೌಂದರ್ಯಸೇವೆಯ ಜಿಎಸ್‌ಟಿ ಶೇಕಡಾ 18ರಿಂದ 5ಕ್ಕೆ ಇಳಿದಿದೆಯಲ್ಲವೆ?"

"ಅದು ರಸೀತಿ ಕೊಡುವವರಿಗೆ, ಸ್ವಾಮಿ."

"ರಿಯಾಯಿತಿಯೆಂಬುದು ಇಲ್ಲವೇ ಇಲ್ಲವೆ?"

"ಧಾರಾಳವಾಗಿ ಉಂಟು; ಆಷಾಢಮಾಸ ಪೂರ್ತಿ ಅರ್ಧಬೆಲೆ."

ಆಷಾಢದಲ್ಲಿ ನಮ್ಮವರು ಮದುವೆ ಮಾಡುವುದಿಲ್ಲ.